ಕವಚದ ಲೆಕ್ಕ: ದೈತ್ಯಬೇಟೆಯ ಆಟದಲ್ಲಿ ‘ಬಿಲ್ಡ್’ ಎಂದರೇನು?

ಮಳೆಯ ಕಾರಣಕ್ಕೆ ಶಾಲೆ, ಕಾಲೇಜುಗಳಿಗೆ ರಜೆ ಕೊಟ್ಟಿದ್ದ ಜುಲೈ ತಿಂಗಳ ಒಂದು ವಾರ ಮೂಡಿಗೆರೆಯ ಅಕ್ಕನ ಮನೆಗೆ ಹೋಗಿದ್ದೆ. ಪಿಯುಸಿ ಓದುತ್ತಿರುವ ಅವಳ ಮಗನ ಮೇಜಿನ ಮೇಲೆ ಒಂದು ನೋಟ್‌ಬುಕ್ ತೆರೆದುಕೊಂಡಿತ್ತು. ಪುಟದ ತುಂಬ ಗುಣಾಕಾರಗಳಿದ್ದವು. ಅವುಗಳಲ್ಲಿ ಒಂದಕ್ಕೆ ಮಾತ್ರ ಕೆಂಪು ಶಾಯಿಯಲ್ಲಿ ಎರಡು ಸುತ್ತು ಹಾಕಿತ್ತು: 212 × 1.22 = 258.64. “ಇದು ಓದಿನ ಲೆಕ್ಕವೋ ಆಟದ ಲೆಕ್ಕವೋ ಒಂಚೂರು ನೋಡಿ ಹೇಳೋ. ಕೇಳಿದರೆ ‘ಬಿಲ್ಡ್ ಮಾಡ್ತಿದೀನಿ’ ಅಂತಾನೆ. ಬಿಲ್ಡ್ ಅಂದ್ರೆ ಏನು?” ಎಂದು ಅಕ್ಕ ಕೇಳಿದಳು.

ಅದು ಆಟದ ಲೆಕ್ಕವೇ ಆಗಿತ್ತು. ಆದರೆ ಅದರೊಳಗೆ ಶೇಕಡಾವಾರು, ಸರಾಸರಿ, ಸಂಭವನೀಯತೆ ಎಲ್ಲವೂ ಇದ್ದವು. ಹೊರಗೆ ಕಾಲಿಡಲಾಗದ ಮಳೆಗಾಲದಲ್ಲಿ ಮಕ್ಕಳು ಕಂಪ್ಯೂಟರಿನ ಮುಂದೆ ಕುಳಿತು ಏನನ್ನು ಇಷ್ಟು ಹೊತ್ತು ಲೆಕ್ಕ ಹಾಕುತ್ತಾರೆ ಎಂದು ಅಕ್ಕನಂತೆ ಕೇಳುವವರು ಹಲವರಿದ್ದಾರೆ. ಈ ಆಟವನ್ನು ಹೊಸದಾಗಿ ಹಿಡಿದು, ಒಂದೇ ಪ್ರಾಣಿಯ ಮುಂದೆ ಮತ್ತೆ ಮತ್ತೆ ಬಿದ್ದು, ತಪ್ಪು ಎಲ್ಲಿದೆ ಎಂದು ತಿಳಿಯದೆ ಬೇಸರಪಟ್ಟವರೂ ಇದ್ದಾರೆ. ಇಬ್ಬರಿಗೂ ಅರ್ಥವಾಗುವಂತೆ ಈ ವಿಷಯವನ್ನು ಬುಡದಿಂದ ವಿವರಿಸುವುದು ಈ ಲೇಖನದ ಉದ್ದೇಶ.

ಯಾವ ಆಟ, ಎಲ್ಲಿಂದ ಬರುತ್ತದೆ ಕವಚ?

ಜಪಾನಿನ ಕ್ಯಾಪ್‌ಕಾಮ್ ಸಂಸ್ಥೆಯ ‘ಮಾನ್ಸ್ಟರ್ ಹಂಟರ್’ ಸರಣಿ 2004ರಲ್ಲಿ ಆರಂಭವಾಯಿತು. 2018ರ ಜನವರಿಯಲ್ಲಿ ಬಂದ ‘ವರ್ಲ್ಡ್’, 2019ರಲ್ಲಿ ಅದಕ್ಕೆ ಸೇರಿದ ‘ಐಸ್‌ಬೋರ್ನ್’ ವಿಸ್ತರಣೆ, 2021ರ ‘ರೈಸ್’ ಮತ್ತು 2025ರ ಫೆಬ್ರವರಿಯಲ್ಲಿ ಬಂದ ‘ವೈಲ್ಡ್ಸ್’ ಇತ್ತೀಚಿನ ಮುಖ್ಯ ಕೃತಿಗಳು. ಈ ಲೇಖನದ ಅಂಕಿಗಳೆಲ್ಲ ಬೇರೆಯಾಗಿ ಹೇಳದ ಕಡೆಗಳಲ್ಲಿ ವಿಸ್ತರಣೆಯಿಲ್ಲದ ‘ವರ್ಲ್ಡ್’ ಆಟಕ್ಕೆ ಸಂಬಂಧಿಸಿದವು, ಏಕೆಂದರೆ ನನ್ನ ಅಕ್ಕನ ಮಗ ಆಡುತ್ತಿದ್ದುದು ಅದನ್ನೇ.

ಆಟಗಾರನ ಪಾತ್ರ ಒಬ್ಬ ಬೇಟೆಗಾರ. ಅನೇಕ ಆಟಗಳಲ್ಲಿ ಶತ್ರುಗಳನ್ನು ಸೋಲಿಸಿದಂತೆಲ್ಲ ಪಾತ್ರದ ಮೈಬಲವೇ ಏರುತ್ತದೆ. ಇಲ್ಲಿ ಹಾಗಿಲ್ಲ. ಮೊದಲ ದಿನದ ಬೇಟೆಗಾರನ ದೇಹವೂ ನೂರು ಗಂಟೆ ಆಡಿದ ಬೇಟೆಗಾರನ ದೇಹವೂ ಒಂದೇ. ವ್ಯತ್ಯಾಸವಿರುವುದು ಆಟಗಾರನ ಕೈಚಳಕದಲ್ಲಿ ಮತ್ತು ಪಾತ್ರ ತೊಟ್ಟ ಸಾಮಗ್ರಿಯಲ್ಲಿ. ಬೇಟೆಯಾಡಿದ ಪ್ರಾಣಿಯ ಚಿಪ್ಪು, ಚರ್ಮ, ಉಗುರುಗಳನ್ನು ತಂದು ಕಮ್ಮಾರನಿಗೆ ಕೊಟ್ಟರೆ ಅವನು ಅದೇ ಪ್ರಾಣಿಯ ಹೆಸರಿನ ಕವಚ ಮಾಡಿಕೊಡುತ್ತಾನೆ. ಆ ಕವಚ ತೊಟ್ಟು ಇನ್ನೂ ದೊಡ್ಡ ಪ್ರಾಣಿಯ ಎದುರು ಹೋಗಬೇಕು. ಸಾಮಾನ್ಯವಾಗಿ ಒಂದು ಬೇಟೆಗೆ 50 ನಿಮಿಷಗಳ ಮಿತಿ ಇರುತ್ತದೆ, ಮೂರು ಸಲ ಪ್ರಜ್ಞೆ ತಪ್ಪಿ ಬಿದ್ದರೆ ಬೇಟೆ ವಿಫಲ.

ಹೀಗೆ ಬಲವೆಲ್ಲ ಉಡುಪಿನಲ್ಲೇ ಇರುವುದರಿಂದ ಯಾವುದರ ಜೊತೆ ಯಾವುದನ್ನು ತೊಡಬೇಕು ಎಂಬ ಆಯ್ಕೆಯೇ ಒಂದು ವಿದ್ಯೆಯಾಗಿ ಬೆಳೆದಿದೆ. ಆಯುಧ, ಕವಚ, ತಾಯಿತ, ಮಣಿಗಳನ್ನು ಒಂದು ಉದ್ದೇಶಕ್ಕೆ ಹೊಂದಿಸಿದ ಪೂರ್ಣ ಜೋಡಣೆಗೆ ಆಟಗಾರರು ‘ಬಿಲ್ಡ್’ ಎನ್ನುತ್ತಾರೆ.

ಐದು ತುಂಡು, ಒಂದು ತಾಯಿತ, ಕೆಲವು ಮಣಿ

ಮಳೆಗಾಲದಲ್ಲಿ ತೋಟಕ್ಕೆ ಇಳಿಯುವವರ ಸಿದ್ಧತೆಯನ್ನು ನೆನೆಯಿರಿ. ತಲೆಗೆ ಕೊಪ್ಪೆ, ಕಾಲಿಗೆ ಗಂಬೂಟು, ಇಂಬಳ ಹತ್ತದಂತೆ ಸುಣ್ಣ, ಸೊಂಟಕ್ಕೆ ಕತ್ತಿ. ಪ್ರತಿಯೊಂದಕ್ಕೂ ಬೇರೆಯೇ ಕೆಲಸವಿದೆ, ಒಂದರ ಕೆಲಸವನ್ನು ಇನ್ನೊಂದು ಮಾಡುವುದಿಲ್ಲ. ಆಟದಲ್ಲೂ ಕವಚಕ್ಕೆ ಐದು ತುಂಡುಗಳಿವೆ: ತಲೆ, ಎದೆ, ತೋಳು, ಸೊಂಟ, ಕಾಲು. ಇವುಗಳ ಜೊತೆಗೆ ಒಂದು ತಾಯಿತ ಮತ್ತು ಹದಿನಾಲ್ಕು ಬಗೆಗಳಲ್ಲಿ ಒಂದು ಆಯುಧ.

ಪ್ರತಿ ತುಂಡಿಗೂ ರಕ್ಷಣೆಯ ಒಂದು ಅಂಕಿ ಇರುತ್ತದೆ. ಅದಕ್ಕಿಂತ ಮುಖ್ಯವಾಗಿ, ಬಹುತೇಕ ತುಂಡುಗಳಲ್ಲಿ ‘ಸ್ಕಿಲ್’ ಎಂಬ ಗುಣಗಳಿರುತ್ತವೆ. ಒಂದು ಸ್ಕಿಲ್ ದಾಳಿಯನ್ನು ಹೆಚ್ಚಿಸುತ್ತದೆ, ಇನ್ನೊಂದು ಆಯುಷ್ಯದ ಪಟ್ಟಿಯನ್ನು ಉದ್ದ ಮಾಡುತ್ತದೆ, ಮತ್ತೊಂದು ಪ್ರಾಣಿಯ ಘರ್ಜನೆಗೆ ಕಿವಿ ಮುಚ್ಚಿಕೊಂಡು ನಿಂತುಬಿಡುವುದನ್ನು ತಪ್ಪಿಸುತ್ತದೆ. ಸ್ಕಿಲ್‌ಗಳಿಗೆ ಹಂತಗಳಿವೆ, ಬೇರೆ ಬೇರೆ ತುಂಡುಗಳಲ್ಲಿರುವ ಒಂದೇ ಸ್ಕಿಲ್‌ನ ಹಂತಗಳು ಪರಸ್ಪರ ಕೂಡಿಕೊಳ್ಳುತ್ತವೆ. ಎದೆಯಲ್ಲಿ ಎರಡು, ಸೊಂಟದಲ್ಲಿ ಒಂದು ಇದ್ದರೆ ಒಟ್ಟು ಮೂರನೇ ಹಂತ.

ಕೆಲವು ತುಂಡುಗಳಲ್ಲಿ ಮಣಿ ಕೂರಿಸುವ ಕುಣಿಗಳಿರುತ್ತವೆ, ಆಟಗಾರರು ಇವನ್ನು ಸ್ಲಾಟ್ ಎನ್ನುತ್ತಾರೆ. ಸ್ಲಾಟ್‌ಗೂ ಮಣಿಗೂ ಅಳತೆಗಳಿವೆ. ಪಾವಿನಷ್ಟನ್ನು ಸೇರಿಗೆ ಸುರಿಯಬಹುದು, ಸೇರಿನಷ್ಟು ಪಾವಿಗೆ ಹಿಡಿಯದು. ಅದೇ ರೀತಿ ಒಂದನೇ ಅಳತೆಯ ಮಣಿ ಮೂರನೇ ಅಳತೆಯ ಸ್ಲಾಟ್‌ನಲ್ಲಿ ಕೂರುತ್ತದೆ, ತಿರುವುಮುರುವು ಸಾಧ್ಯವಿಲ್ಲ. ಆಟದ ಮುಂದಿನ ಹಂತದಲ್ಲಿ ಒಂದೇ ಪ್ರಾಣಿಯ ಕವಚ ಆಲ್ಫಾ, ಬೀಟಾ ಎಂಬ ಎರಡು ರೂಪಗಳಲ್ಲಿ ಸಿಗುತ್ತದೆ. ಆಲ್ಫಾದಲ್ಲಿ ಸಿದ್ಧ ಸ್ಕಿಲ್‌ಗಳು ಹೆಚ್ಚು, ಬೀಟಾದಲ್ಲಿ ಖಾಲಿ ಸ್ಲಾಟ್‌ಗಳು ಹೆಚ್ಚು. ಕೈಯಲ್ಲಿ ಒಳ್ಳೆಯ ಮಣಿಗಳಿಲ್ಲದ ಹೊಸಬರಿಗೆ ಆಲ್ಫಾ ಲೇಸು ಎನ್ನುವುದು ನನ್ನ ಅಭಿಪ್ರಾಯ, ಏಕೆಂದರೆ ಈ ಆಟದಲ್ಲಿ ಮಣಿಗಳು ಬಹುಪಾಲು ಅದೃಷ್ಟದಿಂದ ಸಿಗುವಂಥವು.

ಒಂದೇ ಪ್ರಾಣಿಯ ಹಲವು ತುಂಡುಗಳನ್ನು ಒಟ್ಟಿಗೆ ತೊಟ್ಟರೆ ಮಾತ್ರ ಜಾಗೃತವಾಗುವ ವಿಶೇಷ ಗುಣಗಳೂ ಇವೆ. ಟಿಯೋಸ್ಟ್ರಾ ಎಂಬ ಪ್ರಾಣಿಯ ಮೂರು ತುಂಡು ತೊಟ್ಟವರ ಆಯುಧ, ಮುಂದೆ ವಿವರಿಸಲಿರುವ ‘ಕ್ರಿಟಿಕಲ್’ ಏಟು ಬಿದ್ದಾಗಲೆಲ್ಲ ಹರಿತ ಕಳೆದುಕೊಳ್ಳುವುದಿಲ್ಲ. ಇಂಥ ಗುಣ ಬೇಕೆಂದರೆ ಐದರಲ್ಲಿ ಮೂರು ಜಾಗ ಮೊದಲೇ ತುಂಬಿಹೋಗುತ್ತವೆ.

ರಕ್ಷಣೆಯ ಅಂಕಿ ನಿಜಕ್ಕೂ ಏನು ಹೇಳುತ್ತದೆ?

ಹೊಸಬರು ಅತಿ ಹೆಚ್ಚು ರಕ್ಷಣೆಯ ಕವಚವೇ ಅತ್ಯುತ್ತಮ ಎಂದು ತಿಳಿಯುತ್ತಾರೆ. ಆಟ ಈ ಅಂಕಿಯನ್ನು ಬಳಸುವ ಸೂತ್ರ ಹೀಗಿದೆ: 80ನ್ನು, 80 ಮತ್ತು ನಿಮ್ಮ ರಕ್ಷಣೆಯ ಮೊತ್ತದಿಂದ ಭಾಗಿಸಬೇಕು. ಪ್ರಾಣಿಯ ಏಟಿನಲ್ಲಿ ಅಷ್ಟು ಪಾಲು ಮಾತ್ರ ನಿಮಗೆ ತಾಗುತ್ತದೆ. ರಕ್ಷಣೆ 80 ಇದ್ದರೆ ಅರ್ಧ ಏಟು, 160 ಇದ್ದರೆ ಮೂರನೇ ಒಂದು ಭಾಗ, 240 ಇದ್ದರೆ ಕಾಲು ಭಾಗ, 320 ಇದ್ದರೆ ಐದನೇ ಒಂದು ಭಾಗ.

ಮೊದಲ 80 ಅಂಕಿ ಏಟಿನ ಅರ್ಧವನ್ನೇ ಕಡಿಮೆ ಮಾಡಿತು, ನಾಲ್ಕನೆಯ 80 ಅಂಕಿ ಕಾಲು ಭಾಗವನ್ನು ಐದನೇ ಒಂದಕ್ಕೆ ಇಳಿಸಿತು ಅಷ್ಟೇ. ಇದನ್ನು ನೋಡಿ ರಕ್ಷಣೆ ಹೆಚ್ಚಿದಂತೆ ನಿಷ್ಪ್ರಯೋಜಕವಾಗುತ್ತದೆ ಎನ್ನುವವರಿದ್ದಾರೆ. ಅದು ಅರ್ಧ ಸತ್ಯ. ಎಷ್ಟು ಪೆಟ್ಟು ತಿಂದು ನಿಲ್ಲಬಲ್ಲಿರಿ ಎಂಬ ದೃಷ್ಟಿಯಿಂದ ನೋಡಿದರೆ, 100 ಆಯುಷ್ಯವುಳ್ಳವರಿಗೆ ಪ್ರತಿ 80 ಅಂಕಿಯೂ ಇನ್ನೊಂದು ಪೂರ್ತಿ ನೂರನ್ನು ಕೂಡಿಸುತ್ತದೆ. ರಕ್ಷಣೆ 160 ಇದ್ದಾಗ ನೀವು 300 ಅಂಕದಷ್ಟು ಪೆಟ್ಟು ತಾಳುತ್ತೀರಿ, 240 ಇದ್ದಾಗ 400.

ಇಲ್ಲೇ ಒಂದು ಅಗ್ಗದ ದಾರಿ ಕಾಣುತ್ತದೆ. ‘ಹೆಲ್ತ್ ಬೂಸ್ಟ್’ ಎಂಬ ಸ್ಕಿಲ್‌ನ ಮೂರು ಹಂತಗಳು ಆಯುಷ್ಯವನ್ನು 50 ಹೆಚ್ಚಿಸುತ್ತವೆ. ರಕ್ಷಣೆ 160 ಇರುವವರು ಇದನ್ನು ಹಾಕಿಕೊಂಡರೆ 300ರ ತಾಳಿಕೆ 450 ಆಗುತ್ತದೆ. ಅದೇ 450ನ್ನು ರಕ್ಷಣೆಯಿಂದಲೇ ಪಡೆಯಬೇಕಾದರೆ ಇನ್ನೂ 120 ಅಂಕಿ ಬೇಕು. ಒಂದನೇ ಅಳತೆಯ ಮೂರು ಮಣಿಗಳು 120 ರಕ್ಷಣೆಗೆ ಸಮ ಎಂದಾಯಿತು. ಬೇಟೆಗೆ ಮೊದಲು ಊಟ ಮಾಡಿ ಪಡೆದ ಹೆಚ್ಚುವರಿ ಆಯುಷ್ಯ ಒಮ್ಮೆ ಬಿದ್ದರೆ ಹೋಗಿಬಿಡುತ್ತದೆ, ಈ ಸ್ಕಿಲ್‌ನದು ಹೋಗುವುದಿಲ್ಲ.

ಬೆಂಕಿ, ನೀರು, ಸಿಡಿಲು, ಹಿಮ, ಡ್ರ್ಯಾಗನ್ ಎಂಬ ಐದು ತತ್ತ್ವಗಳಿಗೆ ಪ್ರತ್ಯೇಕ ತಡೆಯೂ ಇದೆ. ಒಂದು ತತ್ತ್ವಕ್ಕೆ ತಡೆ 20 ಮುಟ್ಟಿದರೆ ಆ ತತ್ತ್ವ ಮೈಗೆ ಅಂಟಿಕೊಂಡು ಕಾಡುವುದಿಲ್ಲ. ಪ್ರಾಣಿಯ ಸ್ವಭಾವವೇ ಅದರ ಕವಚಕ್ಕೂ ಬರುತ್ತದೆ: ಬೆಂಕಿಯುಗುಳುವ ರಾಥಾಲೋಸ್‌ನ ಕವಚ ಬೆಂಕಿಯನ್ನು ತಡೆಯುತ್ತದೆ, ಡ್ರ್ಯಾಗನ್ ತತ್ತ್ವಕ್ಕೆ ಸೋಲುತ್ತದೆ.

ಏಟಿನ ಲೆಕ್ಕ

ನೋಟ್‌ಬುಕ್ಕಿನ ಕೆಂಪು ಸುತ್ತು ಇದ್ದುದು ಈ ಭಾಗಕ್ಕೆ. ಮೊದಲು ಒಂದು ಗೊಂದಲ ತೀರಿಸಬೇಕು. ‘ವರ್ಲ್ಡ್’ನಲ್ಲಿ ಆರಂಭದ ಭಾರೀ ಖಡ್ಗದ ಮೇಲೆ 384 ಎಂದೂ, ಆರಂಭದ ಜೋಡಿ ಕತ್ತಿಗಳ ಮೇಲೆ 112 ಎಂದೂ ತೋರಿಸುತ್ತದೆ. ಖಡ್ಗಕ್ಕೆ ಮೂರೂವರೆ ಪಟ್ಟು ಬಲವಿದೆ ಎಂದು ಯಾರಿಗಾದರೂ ಅನಿಸುತ್ತದೆ. ವಾಸ್ತವದಲ್ಲಿ ಎರಡರ ನಿಜವಾದ ಅಂಕಿಯೂ 80. ಖಡ್ಗದ ಅಂಕಿಯನ್ನು 4.8ರಿಂದ, ಜೋಡಿ ಕತ್ತಿಯದನ್ನು 1.4ರಿಂದ ಗುಣಿಸಿ ತೋರಿಸಲಾಗಿದೆ. ಬಿಲ್ಡ್ ಲೆಕ್ಕವನ್ನು ಯಾವಾಗಲೂ ನಿಜವಾದ ಅಂಕಿಯ ಮೇಲೆ ಹಾಕಬೇಕು.

ನಿಜವಾದ ದಾಳಿ 200 ಇರುವ ಒಂದು ಆಯುಧ ನಿಮ್ಮ ಕೈಯಲ್ಲಿದೆ ಎಂದುಕೊಳ್ಳೋಣ. ಅದನ್ನು ಹೆಚ್ಚಿಸುವ ನಾಲ್ಕು ಸ್ಕಿಲ್‌ಗಳು ಪ್ರಸಿದ್ಧ.

‘ಅಟ್ಯಾಕ್ ಬೂಸ್ಟ್’ ಪ್ರತಿ ಹಂತಕ್ಕೆ 3ರಂತೆ ಏಳು ಹಂತಗಳಲ್ಲಿ 21 ಅಂಕಿ ಕೂಡಿಸುತ್ತದೆ, ನಾಲ್ಕನೇ ಹಂತದಿಂದ ಶೇ. 5 ಅಫಿನಿಟಿಯನ್ನೂ ಕೊಡುತ್ತದೆ. ಅಫಿನಿಟಿ ಎಂದರೆ ಏಟು ‘ಕ್ರಿಟಿಕಲ್’ ಆಗುವ, ಅಂದರೆ ಶೇ. 25 ಹೆಚ್ಚು ಪೆಟ್ಟು ಕೊಡುವ ಸಂಭವ. ‘ಕ್ರಿಟಿಕಲ್ ಐ’ ಏಳು ಹಂತಗಳಲ್ಲಿ ಶೇ. 30ರವರೆಗೆ ಅಫಿನಿಟಿ ಕೊಡುತ್ತದೆ. ‘ವೀಕ್‌ನೆಸ್ ಎಕ್ಸ್‌ಪ್ಲಾಯ್ಟ್’ ಮೂರೇ ಹಂತಗಳಲ್ಲಿ ಶೇ. 50 ಕೊಡುತ್ತದೆ, ಆದರೆ ಪ್ರಾಣಿಯ ಮೃದು ಭಾಗಕ್ಕೆ ಹೊಡೆದಾಗ ಮಾತ್ರ. ‘ಕ್ರಿಟಿಕಲ್ ಬೂಸ್ಟ್’ ಆ ಶೇ. 25 ಹೆಚ್ಚುವರಿಯನ್ನು ಮೂರನೇ ಹಂತದಲ್ಲಿ ಶೇ. 40 ಮಾಡುತ್ತದೆ.

ಸಂಭವವನ್ನು ನಂಬಿ ಹೇಗೆ ಲೆಕ್ಕ ಹಾಕುವುದು ಎಂಬ ಪ್ರಶ್ನೆ ಸಹಜ. ಮೂಡಿಗೆರೆ ತಾಲ್ಲೂಕಿನ ಅಂಗಡಿ ಗ್ರಾಮವನ್ನು ಹೊಯ್ಸಳರ ಮೂಲಸ್ಥಾನವಾದ ಸೊಸೆವೂರು ಎಂದು ಗುರುತಿಸುತ್ತಾರೆ. ಗುರುಗಳು ‘ಹೊಯ್ ಸಳ’ ಎಂದಾಗ ಸಳನು ಮೃಗವನ್ನು ಒಂದೇ ಏಟಿಗೆ ಕೆಡವಿದನೆಂಬ ಐತಿಹ್ಯದ ಶಿಲ್ಪವನ್ನು ಬೇಲೂರಿನಲ್ಲಿ ನೋಡದವರು ನಮ್ಮ ಕಡೆ ಕಡಿಮೆ. ಸಳನಿಗಿದ್ದದ್ದು ಒಂದೇ ಏಟು, ಅಲ್ಲಿ ಸರಾಸರಿಗೆ ಅರ್ಥವಿಲ್ಲ. ಆಟದ ಬೇಟೆಗಾರ ಒಂದೇ ಪ್ರಾಣಿಗೆ ನೂರಾರು ಏಟು ಹಾಕುತ್ತಾನೆ. ಶೇ. 30 ಅಫಿನಿಟಿ ಇದ್ದರೆ ನೂರು ಏಟುಗಳಲ್ಲಿ ಸುಮಾರು 70 ಏಟು 200ರಂತೆ, 30 ಏಟು 250ರಂತೆ ಬೀಳುತ್ತವೆ. ಒಟ್ಟು 21,500, ಅಂದರೆ ಏಟಿಗೆ ಸರಾಸರಿ 215. ಏಟುಗಳ ಸಂಖ್ಯೆ ಹೆಚ್ಚಿದಂತೆ ಫಲಿತಾಂಶ ಈ ಸರಾಸರಿಗೆ ಹತ್ತಿರವಾಗುತ್ತದೆ.

ಈಗ ನಿಮ್ಮ ಕವಚದಲ್ಲಿ ಒಟ್ಟು ಹತ್ತು ಹಂತಗಳಿಗೆ ಜಾಗವಿದೆ ಎನ್ನೋಣ. ಒಬ್ಬರು ಅಟ್ಯಾಕ್ ಬೂಸ್ಟ್ ಏಳನ್ನೂ ಕ್ರಿಟಿಕಲ್ ಐ ಮೂರನ್ನೂ ಹಾಕುತ್ತಾರೆ. ದಾಳಿ 221, ಅಫಿನಿಟಿ ಶೇ. 15, ಸರಾಸರಿ ಏಟು 229.29. ಇನ್ನೊಬ್ಬರು ಅಟ್ಯಾಕ್ ಬೂಸ್ಟ್ ಏಳರ ಜೊತೆ ವೀಕ್‌ನೆಸ್ ಎಕ್ಸ್‌ಪ್ಲಾಯ್ಟ್ ಮೂರು ಹಾಕುತ್ತಾರೆ, ಮೃದು ಭಾಗಕ್ಕೆ ಹೊಡೆದಾಗ ಸರಾಸರಿ 251.39. ಮೂರನೆಯವರು ಅಟ್ಯಾಕ್ ಬೂಸ್ಟನ್ನು ನಾಲ್ಕಕ್ಕೇ ನಿಲ್ಲಿಸಿ, ವೀಕ್‌ನೆಸ್ ಎಕ್ಸ್‌ಪ್ಲಾಯ್ಟ್ ಮೂರು, ಕ್ರಿಟಿಕಲ್ ಬೂಸ್ಟ್ ಮೂರು ಹಾಕುತ್ತಾರೆ. ದಾಳಿ 212, ಅಫಿನಿಟಿ ಶೇ. 55, ಪ್ರತಿ ಕ್ರಿಟಿಕಲ್ ಏಟಿಗೆ ಶೇ. 40 ಹೆಚ್ಚು. 0.55ನ್ನು 0.40ರಿಂದ ಗುಣಿಸಿದರೆ 0.22. ನೋಟ್‌ಬುಕ್ಕಿನ 212 × 1.22 = 258.64 ಬಂದದ್ದು ಹೀಗೆ.

ಮೂವರೂ ಖರ್ಚು ಮಾಡಿದ್ದು ಹತ್ತೇ ಹಂತ. ವ್ಯತ್ಯಾಸಕ್ಕೆ ಕಾರಣವೇನೆಂದರೆ ಈ ಮೂರು ಅಂಶಗಳು, ಅಂದರೆ ದಾಳಿ, ಅಫಿನಿಟಿ ಮತ್ತು ಕ್ರಿಟಿಕಲ್‌ನ ತೂಕ, ಒಂದನ್ನೊಂದು ಗುಣಿಸುತ್ತವೆ. ಹಾಸನದ ಕಡೆಯ ಆಲೂಗೆಡ್ಡೆ ಬೆಳೆಗಾರರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಬರೀ ಯೂರಿಯಾ ಸುರಿದರೆ ಗಿಡ ಸೊಕ್ಕಿ ಹಸಿರಾಗುತ್ತದೆ, ಮಣ್ಣಿನೊಳಗೆ ಗೆಡ್ಡೆ ಕಟ್ಟುವುದಿಲ್ಲ. ರಂಜಕವೂ ಪೊಟ್ಯಾಷೂ ತಕ್ಕಷ್ಟು ಇದ್ದಾಗಲೇ ಸಾರಜನಕಕ್ಕೂ ಬೆಲೆ. ಅಫಿನಿಟಿಯೇ ಇಲ್ಲದವರು ಕ್ರಿಟಿಕಲ್ ಬೂಸ್ಟ್ ಮೂರು ಹಾಕಿದರೆ 200 ಇದ್ದದ್ದು 200 ಆಗಿಯೇ ಉಳಿಯುತ್ತದೆ.

ಕೂಡುವ ಸ್ಕಿಲ್‌ಗಳ ಬೆಲೆ ಕಾಲಕ್ಕೆ ತಕ್ಕಂತೆ ಬದಲಾಗುತ್ತದೆ ಎನ್ನುವುದನ್ನೂ ಗಮನಿಸಬೇಕು. ನಿಜವಾದ ದಾಳಿ 80 ಇರುವ ಆರಂಭದ ಆಯುಧಕ್ಕೆ 3 ಅಂಕಿ ಎಂದರೆ ಶೇ. 3.75 ಲಾಭ, 200ರ ಆಯುಧಕ್ಕೆ ಅದೇ 3 ಅಂಕಿ ಶೇ. 1.5 ಮಾತ್ರ. ಅಂಗಡಿಯಲ್ಲಿ ಸಿಗುವ ‘ಪವರ್‌ಚಾರ್ಮ್’ ಎಂಬ ವಸ್ತು ಚೀಲದಲ್ಲಿದ್ದರೆ ಸಾಕು, ದಾಳಿ 6 ಏರುತ್ತದೆ. ಕವಚದ ಜಾಗವನ್ನೇ ಬಳಸದ ಈ ಲಾಭವನ್ನು ಹೊಸಬರು ಮರೆಯುವುದು ಸಾಮಾನ್ಯ.

ಹರಿತ ಮತ್ತು ಗುರಿ

ಮೊಂಡಾದ ಕತ್ತಿಯಿಂದ ಮರಗಸಿ ಮಾಡಿದವರಿಗೆ ಗೊತ್ತು, ತೋಳಿನ ಬಲವೆಲ್ಲ ವ್ಯರ್ಥ. ಆಟದಲ್ಲಿ ಹರಿತಕ್ಕೆ ಬಣ್ಣಗಳಿವೆ. ಹಸಿರು ಇದ್ದಾಗ ಏಟು 1.05ರಿಂದ, ನೀಲಿ ಇದ್ದಾಗ 1.20ರಿಂದ, ಬಿಳಿ ಇದ್ದಾಗ 1.32ರಿಂದ ಗುಣವಾಗುತ್ತದೆ. ನೀಲಿಯಿಂದ ಹಸಿರಿಗೆ ಜಾರಿದರೆ ಶೇ. 12.5 ನಷ್ಟ. 200ರ ಆಯುಧಕ್ಕೆ ಅಟ್ಯಾಕ್ ಬೂಸ್ಟ್‌ನ ಏಳೂ ಹಂತಗಳು ಕೊಡುವ ಲಾಭ ಸುಮಾರು ಶೇ. 12. ಸಾಣೆ ಹಿಡಿಯಲು ಮರೆತವರು ಏಳು ಮಣಿಗಳನ್ನು ಕಳೆದುಕೊಂಡಂತೆಯೇ ಸರಿ.

ಗುರಿಯ ಮಾತು ಇನ್ನೂ ಮುಖ್ಯ. ಪ್ರಾಣಿಯ ದೇಹದ ಪ್ರತಿ ಭಾಗಕ್ಕೂ ಏಟು ಎಷ್ಟು ಇಳಿಯುತ್ತದೆ ಎಂಬ ಅಂಕಿ ಇದೆ, ಅದು 45 ಅಥವಾ ಹೆಚ್ಚಿದ್ದರೆ ಆ ಭಾಗ ಮೃದು. ಅಲ್ಲಿಗೆ ಹೊಡೆದಾಗ ಪರದೆಯ ಮೇಲೆ ಪೆಟ್ಟಿನ ಸಂಖ್ಯೆ ಕಿತ್ತಳೆ ಬಣ್ಣದಲ್ಲಿ ಕಾಣುತ್ತದೆ, ಇಲ್ಲದಿದ್ದರೆ ಬಿಳಿ. ಅಕ್ಕನ ಮಗನಿಗೆ ರಾಥಾಲೋಸ್ ಎದುರು ಆಡಲು ಹೇಳಿ ನಾನು ಪಕ್ಕದಲ್ಲಿ ಕುಳಿತು ಎಣಿಸಿದೆ. ರೆಕ್ಕೆ ಬಡಿದು ಪ್ರಾಣಿ ಇಳಿದಾಗಲೆಲ್ಲ ಅವನು ಕಾಲಿನ ಬಳಿಗೆ ಓಡುತ್ತಿದ್ದ. ನೂರು ಏಟುಗಳಲ್ಲಿ ಕಿತ್ತಳೆ ಬಂದದ್ದು 27.

ಅವನ ಬಿಲ್ಡ್ ಮೃದು ಭಾಗಕ್ಕೆ 258.64 ಕೊಡುತ್ತದೆ, ಆದರೆ ಗಟ್ಟಿ ಭಾಗಕ್ಕೆ ಅಫಿನಿಟಿ ಶೇ. 5ಕ್ಕೆ ಕುಸಿದು 216.24 ಮಾತ್ರ. ಮೇಲೆ ಹೇಳಿದ ಮೊದಲನೆಯವರ ಸರಳ ಬಿಲ್ಡ್ ಎಲ್ಲಿ ಹೊಡೆದರೂ 229.29. ಎರಡನ್ನೂ ತೂಗಿದರೆ, ಏಟುಗಳಲ್ಲಿ ಮೂರನೇ ಒಂದು ಭಾಗಕ್ಕಿಂತ ಸ್ವಲ್ಪ ಕಡಿಮೆ, ಸುಮಾರು ಶೇ. 31, ಮೃದು ಭಾಗಕ್ಕೆ ಬಿದ್ದರೆ ಇಬ್ಬರೂ ಸಮ. ಮೃದು ಭಾಗದ ಏಟು ಸಹಜವಾಗಿಯೇ ಹೆಚ್ಚು ಇಳಿಯುವುದರಿಂದ ನಿಜವಾದ ಗಡಿ ಇನ್ನೂ ತುಸು ಕೆಳಗಿದೆ. ಅಂದರೆ ‘ಅತ್ಯುತ್ತಮ’ ಎಂದು ಅವನು ಬರೆದಿಟ್ಟ ಬಿಲ್ಡ್ ಅವನ ಕೈಯಲ್ಲಿ ಸಾಧಾರಣ ಬಿಲ್ಡ್‌ನ ಆಸುಪಾಸಿನಲ್ಲೇ ಇತ್ತು.

ಕೋಟಿ ಜೋಡಣೆಗಳಲ್ಲಿ ಒಂದನ್ನು ಹುಡುಕುವುದು

ದೇಹದ ಐದು ಭಾಗಗಳಿಗೆ ತಲಾ 30 ತುಂಡುಗಳಿದ್ದರೂ ಸಾಧ್ಯವಿರುವ ಜೋಡಣೆಗಳು 2 ಕೋಟಿ 43 ಲಕ್ಷ, ಮಣಿ ಮತ್ತು ತಾಯಿತ ಬಿಟ್ಟು. ಎಲ್ಲವನ್ನೂ ನೋಡುವುದು ಮನುಷ್ಯರ ಕೆಲಸವಲ್ಲ, ಅದಕ್ಕೆಂದೇ ಆಟಗಾರರು ಬರೆದ ಹುಡುಕು ತಂತ್ರಾಂಶಗಳಿವೆ. ಕೈಯಿಂದ ಮಾಡುವವರು ಅನುಸರಿಸಬಹುದಾದ ಕ್ರಮವೆಂದರೆ ಮೊದಲು ಆಯುಧವನ್ನು ನಿಶ್ಚಯಿಸುವುದು, ಏಕೆಂದರೆ ಅದರ ಹರಿತ ಮತ್ತು ಸಹಜ ಅಫಿನಿಟಿ ಉಳಿದದ್ದನ್ನೆಲ್ಲ ನಿರ್ಧರಿಸುತ್ತವೆ. ಬಳಿಕ ಮೂರು ತುಂಡುಗಳ ವಿಶೇಷ ಗುಣ ಬೇಕೇ ಎಂದು ತೀರ್ಮಾನಿಸಬೇಕು. ಆಮೇಲೆ ಎರಡನೇ ಅಳತೆಯ ಮಣಿ ಬೇಡುವ ವೀಕ್‌ನೆಸ್ ಎಕ್ಸ್‌ಪ್ಲಾಯ್ಟ್, ಕ್ರಿಟಿಕಲ್ ಬೂಸ್ಟ್‌ಗಳನ್ನು ಸಾಧ್ಯವಾದಷ್ಟು ಕವಚ ಮತ್ತು ತಾಯಿತದಿಂದಲೇ ಪಡೆದು, ಒಂದನೇ ಅಳತೆಯ ಮಣಿಗಳಾಗಿ ಸಿಗುವ ಅಟ್ಯಾಕ್ ಬೂಸ್ಟ್, ಕ್ರಿಟಿಕಲ್ ಐ, ಹೆಲ್ತ್ ಬೂಸ್ಟ್‌ಗಳನ್ನು ಕೊನೆಗೆ ಉಳಿದ ಸಣ್ಣ ಸ್ಲಾಟ್‌ಗಳಿಗೆ ತುಂಬಬೇಕು. ಬುಟ್ಟಿಗೆ ದೊಡ್ಡ ಕಾಯಿ ಮೊದಲು, ಸಂದಿಗೆ ಸಣ್ಣವು.

ಆಯುಧ ಬದಲಾದರೆ ಆದ್ಯತೆಯೂ ಬದಲಾಗುತ್ತದೆ. ಭಾರೀ ಖಡ್ಗದವರಿಗೆ ಏಟು ಬೇಗ ತುಂಬಿಕೊಳ್ಳುವ ‘ಫೋಕಸ್’ ಬೇಕು, ಬಿಲ್ಲು ಹಿಡಿದವರಿಗೆ ದಣಿವು ತಗ್ಗಿಸುವ ‘ಕಾನ್‌ಸ್ಟಿಟ್ಯೂಷನ್’, ಈಟಿ ಹಿಡಿದು ಗುರಾಣಿಯ ಹಿಂದೆ ನಿಲ್ಲುವವರಿಗೆ ‘ಗಾರ್ಡ್’. ಆವೃತ್ತಿ ಬದಲಾದರೆ ಅಂಕಿಗಳೇ ಬೇರೆ. ಐಸ್‌ಬೋರ್ನ್‌ನಲ್ಲಿ ವೀಕ್‌ನೆಸ್ ಎಕ್ಸ್‌ಪ್ಲಾಯ್ಟ್ ಮೃದು ಭಾಗಕ್ಕೆ ಶೇ. 30 ಮಾತ್ರ ಕೊಡುತ್ತದೆ, ಆ ಭಾಗವನ್ನು ಮೊದಲೇ ಗಾಯಗೊಳಿಸಿದ್ದರೆ ಮಾತ್ರ ಶೇ. 50. ವೈಲ್ಡ್ಸ್‌ನಲ್ಲಿ ಅಟ್ಯಾಕ್ ಬೂಸ್ಟ್, ಕ್ರಿಟಿಕಲ್ ಐ, ಕ್ರಿಟಿಕಲ್ ಬೂಸ್ಟ್‌ಗಳು ಕವಚದಿಂದ ಆಯುಧದ ಕಡೆಗೆ ಸರಿದಿವೆ. ಹಳೆಯ ಆವೃತ್ತಿಗೆ ಬರೆದ ಸಲಹೆಯನ್ನು ಹೊಸದಕ್ಕೆ ಹಾಗೆಯೇ ಅನ್ವಯಿಸಬಾರದು.

ನಿಂತಿದ್ದರೆ ತಾನೇ ಹೊಡೆಯುವುದು

ಮೇಲಿನ ಲೆಕ್ಕವೆಲ್ಲ ಹೊಡೆಯುತ್ತಿರುವ ಹೊತ್ತಿಗೆ ಮಾತ್ರ ಅನ್ವಯಿಸುತ್ತದೆ. ಹದಿನೈದು ನಿಮಿಷದ ಬೇಟೆಯಲ್ಲಿ ಮೂರು ನಿಮಿಷ ಓಡಿಹೋಗಿ ಔಷಧ ಕುಡಿಯುವುದರಲ್ಲೇ ಕಳೆದರೆ ಹೊಡೆಯಲು ಸಿಕ್ಕಿದ್ದು ಹನ್ನೆರಡು ನಿಮಿಷ. ಔಷಧದ ಹೊತ್ತು ಅರ್ಧಕ್ಕಿಳಿದರೆ ಹೊಡೆಯುವ ಹೊತ್ತು ಹದಿಮೂರೂವರೆ ನಿಮಿಷವಾಗುತ್ತದೆ, ಅದು ಶೇ. 12.5 ಹೆಚ್ಚಳ. ಅಟ್ಯಾಕ್ ಬೂಸ್ಟ್‌ನ ಏಳು ಹಂತಗಳಿಗಿಂತ ಇದು ಹೆಚ್ಚು. ಆದ್ದರಿಂದ ಆಯುಷ್ಯ ಹೆಚ್ಚಿಸುವ, ಘರ್ಜನೆ ತಡೆಯುವ, ವಿಷ ತಾಗದಂತೆ ಮಾಡುವ ಸ್ಕಿಲ್‌ಗಳನ್ನು ಅಂಜುಬುರುಕರ ಆಯ್ಕೆ ಎಂದು ತಳ್ಳಿಹಾಕುವುದು ಲೆಕ್ಕದ ದೃಷ್ಟಿಯಿಂದಲೇ ತಪ್ಪು. ಆದರೆ ಅವಕ್ಕೂ ಬೆಲೆ ಇದೆ. ದೊಡ್ಡ ಘರ್ಜನೆಯನ್ನೂ ತಡೆಯಬೇಕೆಂದರೆ ‘ಇಯರ್‌ಪ್ಲಗ್ಸ್’ ಐದು ಹಂತ ಬೇಕು, ಮೂರು ಹಂತ ಸಣ್ಣ ಘರ್ಜನೆಗಳಿಗೆ ಮಾತ್ರ ಸಾಕು. ಐದು ಜಾಗ ಕೊಡುವ ಮೊದಲು, ಆ ಪ್ರಾಣಿಯ ಘರ್ಜನೆಯಿಂದ ನಿಜಕ್ಕೂ ಎಷ್ಟು ಸಲ ಪೆಟ್ಟು ತಿಂದೆ ಎಂದು ಎಣಿಸಿ ನೋಡುವುದು ಒಳ್ಳೆಯದು.

ಆ ದಿನ ಸಂಜೆ ಕರೆಂಟು ಬಂದ ಮೇಲೆ ಅಕ್ಕನ ಮಗ ಅಟ್ಯಾಕ್ ಬೂಸ್ಟ್‌ನ ಮೂರು ಮಣಿಗಳನ್ನು ಕಿತ್ತು, ಅದೇ ಸ್ಲಾಟ್‌ಗಳಿಗೆ ಹೆಲ್ತ್ ಬೂಸ್ಟ್ ಮಣಿಗಳನ್ನು ಕೂರಿಸಿದ. ದಾಳಿ 203ಕ್ಕೆ, ಅಫಿನಿಟಿ ಶೇ. 50ಕ್ಕೆ ಇಳಿಯಿತು. ನೋಟ್‌ಬುಕ್ಕಿನಲ್ಲಿ 258.64ರ ಕೆಳಗೆ 203 × 1.20 = 243.60 ಎಂದು ಬರೆದ. “ಆರು ಪರ್ಸೆಂಟ್ ಹೋಯ್ತು ಮಾಮ” ಎಂದ. ಆಮೇಲೆ ರಾಥಾಲೋಸ್ ಇಳಿದಾಗ ಕಾಲಿನ ಕಡೆಗೆ ಓಡದೆ ತಲೆಯ ಎದುರು ನಿಲ್ಲಲು ಯತ್ನಿಸಿದ, ಎರಡು ಸಲ ಬೆಂಕಿಯುಂಡೆ ನೇರವಾಗಿ ಬಡಿದರೂ ಬೀಳಲಿಲ್ಲ. ನಾನು ಎಣಿಸುತ್ತಿದ್ದ ನೂರು ಏಟು ಮುಗಿದಾಗ ಕಿತ್ತಳೆ 41 ಆಗಿತ್ತು. ಅವನು ಅದನ್ನು ಪುಟದ ಅಂಚಿನಲ್ಲಿ ಬರೆದುಕೊಂಡು, ಪಕ್ಕದಲ್ಲಿ ಹಳೆಯ 27ನ್ನು ಹೊಡೆದುಹಾಕಿದ.